ಹಿಟ್ಟಿಲ್ಲದ ದಮ್

ಪೆನ್ಷನ್ ಮೊಹಲ್ಲಾದಲ್ಲಿ ಅಬ್ಬನ ಹೆಸರು ಹೇಳಿದರೆ
ಯಾರೂ ಮನೆ ತೋರಿಸುವುದಿಲ್ಲ, ದೇಗ ತೋರಿಸುತ್ತಾರೆ.
ಓಣಿಯ ತಿರುವಿನಲ್ಲಿ ಬೋರಲು ಬಿದ್ದ ಐದು ತಾಮ್ರದ ದೇಗ,
ಮಗುವೊಂದು ಒಳಗೆ ಕೂತು
ಕಣ್ಣಾಮುಚ್ಚಾಲೆ ಆಡಬಹುದಾದಷ್ಟು ದೊಡ್ಡವು.
(ಆಡಿದ್ದೇನೆ. ಒಳಗೆ ಲವಂಗದ ಕತ್ತಲೆ.)

ಖುದ್ದೂಸ್ ಸಾಬರ ಮಗ ಹೋಟೆಲು ಇಟ್ಟನಂತೆ,
ಅನ್ನವೇ ಇಲ್ಲವಂತೆ,
ಎಂಬ ಸುದ್ದಿ ಕಟ್ಟಿನಕೆರೆ ಮಾರ್ಕೆಟ್ಟಿನಲ್ಲಿ
ನನಗಿಂತ ಮೊದಲೇ ಹೋಗಿ ಸೊಪ್ಪು ಕೊಳ್ಳುತ್ತಿತ್ತು.

ಏನಂತ ಹೇಳಲಿ?
ನೇಗಿಲಿಗೂ ಮುಂಚಿನ ಮನುಷ್ಯ ತಿಂದದ್ದಂತೆ:
ಬೇಟೆ, ಬೇರು, ಮೊಟ್ಟೆ, ಜೇನು, ಕಾಯಿ.
ಜಿಮ್ಮಿನ ಯೋಗಾನಂದ ಮೇಜಿಗೆ ಮೊಣಕೈಯೂರಿ ವಿವರಿಸಿದ.
ಅಕ್ಕಿ ಬೇಡ ರಾಗಿ ಬೇಡ ಬೇಳೆ ಬೇಡ
ಹಾಲು ಮೊಸರು ಹತ್ತಿರ ತರಬೇಡ.
ಆಲೂಗಡ್ಡೆ? ಅಂದೆ.
ಅದರಲ್ಲಿ ಎರಡು ಪಂಗಡ ಇದೆ, ಅಂದ.
ಹಾಸನದಲ್ಲಿ ಕೂತು
ಆಲೂಗಡ್ಡೆಗೆ ಎರಡು ಪಂಗಡ!

ಹಾಸನಾಂಬೆಯ ಬಾಗಿಲು ತೆರೆಯಲು ಇನ್ನೂ ಒಂಬತ್ತು ದಿನ.
ಬೆಳಗ್ಗೆ ಮಂಜು. ಹತ್ತಕ್ಕೆಲ್ಲ ಬಿಸಿಲು
ಹುಣಸೆ ಹಚ್ಚಿ ತೊಳೆದ ಹಿತ್ತಾಳೆ.
ಸಕಲೇಶಪುರದ ಬಸ್ಸಿನ ತಲೆಯಿಂದ ಬೆಣ್ಣೆಹಣ್ಣು ಇಳಿದವು,
ಕಿತ್ತಳೆ ಇನ್ನೂ ಅರೆಹಸಿರು.
ಗೊರೂರಿನ ಮೀನು ಕಣ್ಣು ತೆರೆದೇ ಬಂತು.
ಬೂದಿ ಹಿಡಿದ ಸಿಹಿಗುಂಬಳ, ಮಣ್ಣು ಬಿಡದ ಗೆಣಸು,
ಆನೆ ಮರೆತುಹೋದ ಪಾದದಂಥ ಸುವರ್ಣಗೆಡ್ಡೆ.

ಹೆಚ್ಚುತ್ತ ಹೆಚ್ಚುತ್ತ ಕೈಯೆಲ್ಲ ನವೆ.
ಬೇಳೆ ಹಾಕುವ ಜಾಗಕ್ಕೆ ಅದನ್ನೇ ಹಾಕಿ
ಕೀಮಾದ ಜತೆ ಅರೆದು ಶಾಮಿ ತಟ್ಟಿದೆ, ಬಿಲ್ಲೆಯಗಲ.
ಕುರಿಯ ಈಲಿಗೆ ಹಸಿ ಕಾಳುಮೆಣಸು,
ಮೇಲೆ ಕಿತ್ತಳೆಯ ಹುಳಿ ನಾಕೇ ಹನಿ.
ಅರಿಶಿನದೆಲೆ ಹೊದ್ದ ಮೀನು ಕೆಂಡದ ಮೇಲೆ
ನಿದ್ದೆಯಲ್ಲಿ ಮಗ್ಗುಲಾಯಿತು.
ಅಂಗೈಯಷ್ಟೇ ತಟ್ಟೆ. ಮೂರು ತುತ್ತು.

ಸಂಜೆ ನಮಾಜು ಮುಗಿಸಿ ಅಬ್ಬ ಬಂದರು.
ತಟ್ಟೆಯ ಅಂಚನ್ನು ಉಗುರಿನಿಂದ ಟಣ್ಣೆನ್ನಿಸಿ
"ಇದರ ಅಮ್ಮ ಎಲ್ಲಿ?" ಅಂದರು.
ಸಾವಿರ ಜನಕ್ಕೆ ಬೊಗಸೆಯಲ್ಲಿ ಉಪ್ಪು ಸುರಿದ ಕೈ.
ಚಿಟಿಕೆ ಅಂದರೆ ಆ ಕೈಗೆ ನಶ್ಯದ ಲೆಕ್ಕ.

ಒಲೆಯ ಮೇಲೆ ಹನ್ನೆರಡು ಮಣ್ಣಿನ ಕುಡಿಕೆ.
ಒಳಗೆ ಕುಂಬಳ, ಎಲುಬಿನ ರಸ, ತೆಂಗಿನ ಹಾಲು.
ಮುಚ್ಚಳದ ಸಂದಿಯಲ್ಲಿ ಆವಿ
ಪೋಲಿ ಹುಡುಗನ ಹಾಗೆ ಸಿಳ್ಳೆ ಹಾಕುತ್ತಿತ್ತು.
"ಹಿಟ್ಟೆಲ್ಲಿ?"
"ಗೋಧಿ ಮುಟ್ಟುವ ಹಾಗಿಲ್ಲ ಅಬ್ಬಾ."
"ತಿನ್ನೋಕಲ್ಲವೋ, ಬಾಯಿ ಕಟ್ಟೋಕೆ."
"ಅದಕ್ಕೂ ಇಲ್ಲ."

ನಲವತ್ತು ವರ್ಷ ಹಿಟ್ಟಿನ ಹಗ್ಗದಲ್ಲಿ
ಉಸಿರು ಕಟ್ಟಿ ಹಾಕಿದ ಮನುಷ್ಯ.
ನಗುತ್ತಾರೆ ಅಂದುಕೊಂಡೆ.
ತೋಳು ಮಡಿಸಿದರು.
ಬೆಂದ ಗೆಣಸಿನ ಸಿಪ್ಪೆ ಸುಲಿದು
ಅಂಗೈಯ ಬುಡದಲ್ಲಿ ನಾದಿ ನಾದಿ
ಬತ್ತಿಯ ಹಾಗೆ ಹೊಸೆದು
ಒಂದೊಂದೇ ಕುಡಿಕೆಯ ಕತ್ತಿಗೆ ಸುತ್ತಿದರು.
ಸಿಳ್ಳೆ ನಿಂತಿತು.

ಆಮೇಲೆ ದೇಗಕ್ಕೆ ಏನು ಮಾಡುತ್ತಿದ್ದರೋ ಅದನ್ನೇ ಮಾಡಿದರು.
ಬಾಗಿ, ಉಸಿರು ಹಿಡಿದು,
ಮಾವಿನಹಣ್ಣಿನಷ್ಟು ಒಡಲಿಗೆ ಕಿವಿ ಕೊಟ್ಟರು.
"ಇನ್ನೂ ಮಾತಾಡ್ತಿದೆ. ಸುಮ್ಮನಾಗಲಿ."
ಹೊರಗೆ ಯೋಗಾನಂದ,
ನೇಗಿಲಿಗೂ ಮುಂಚಿನ ಮನುಷ್ಯ,
ಹೆಜ್ಜೆ ಎಣಿಸುವ ಗಡಿಯಾರ ನೋಡಿಕೊಳ್ಳುತ್ತಿದ್ದ.
ಕಾದ. ಕಾದೆವು.

ಕುಡಿಕೆಗಳು ಹೋದವು, ಬರಿದಾಗಿ ಬಂದವು.
ಯೋಗಾನಂದ ಎರಡನೆಯದು ಕೇಳಿದ್ದನ್ನು
ನಾನು ಎರಡು ಸಲ ಹೇಳಿದೆ. ಅಬ್ಬ ಕೇಳಿಸಿಕೊಳ್ಳಲಿಲ್ಲ.
ಯಾವ ತಟ್ಟೆಯನ್ನೂ ಮುಟ್ಟಲೂ ಇಲ್ಲ.
ತೊಳೆಯಲಿಟ್ಟ ಕುಡಿಕೆಗಳ ಕೊರಳಿಂದ
ಕರಿಕಾಗಿ ಒಣಗಿದ ಗೆಣಸಿನ ಪಟ್ಟಿಯನ್ನು
ಚಕ್ಕೆ ಚಕ್ಕೆ ಎಬ್ಬಿಸಿ,
ಸಕ್ಕರೆ ಕಾಯಿಲೆ ಬೇರೆ ಯಾರದೋ ಎಂಬಂತೆ
ಬಾಯಿಗೆ ಹಾಕಿಕೊಂಡು ಗೋಡೆಗೊರಗಿ
ಬಹಳ ಹೊತ್ತು ಅಗಿದರು.

"ಉಪ್ಪು ಮರೆತೆ," ಅಂದರು.
ಡಬ್ಬಿ ಚಾಚಿದೆ.
ಬೊಗಸೆಯಾಗಲು ಹೊರಟ ಕೈ ಬಾಯಲ್ಲೇ ಸಿಕ್ಕಿಕೊಂಡಿತು.
ಮೂರು ಬೆರಳು ಮಾತ್ರ ಒಳಗಿಳಿದು
ಸ್ವಲ್ಪ ಹೊತ್ತು
ಅಲ್ಲೇ ಇದ್ದವು.