ಲೋಡ್ ಸಮೇತ

ಸಿ ಡ್ರೈವಿನ ಪಟ್ಟಿ ಕೆಂಪಾಗಿ ಮೂರು ವಾರ.
ಇನ್ನೂರು ಎಂಬಿ ಜಾಗ ಉಳಿದಿದೆ ಅಂದರೆ
ಅಪ್ಪ ಕೇಳುತ್ತಾನೆ: ಸ್ಟ್ಯಾಂಡಿಂಗಾ, ಸೀಟಿಂಗಾ?

ಮೂವತ್ತೊಂದು ವರ್ಷ ಸಿಟಿ ಬಸ್ಸು ಓಡಿಸಿದ ಮುನಿವೆಂಕಟಪ್ಪ.
ರಿಟೈರಾದ ಮೇಲೆ ಕೈ ಸುಮ್ಮನಿರದೆ
ಊಟದ ತಟ್ಟೆಯನ್ನೇ ತಿರುಗಿಸುತ್ತ ಕೂರುತ್ತಿದ್ದವನಿಗೆ
ನಾನೇ ಹಾಕಿಕೊಟ್ಟೆ ಆ ಲಾರಿಯ ಆಟ.
ಈಗ ರಾತ್ರಿ ಒಂಬತ್ತಾದರೆ
ಮತ್ತೀಕೆರೆಯ ಹತ್ತು ಬೈ ಹನ್ನೆರಡರ ರೂಮಿನಿಂದ
ಹೆಸರು ನಾಲಿಗೆಗೆ ಹತ್ತದ ಯಾವುದೋ ಹಿಮದ ದೇಶಕ್ಕೆ ಟ್ರಿಪ್ಪು.
ಖಾಲಿ ರಸ್ತೆ. ನಲವತ್ತು ದಾಟುವುದಿಲ್ಲ.
ಯಾರೂ ಇಲ್ಲದ ತಿರುವಿನಲ್ಲೂ ಹಾರನ್ನು.
ಕೆಂಪು ದೀಪ ಬಿದ್ದರೆ
ಟವೆಲ್ಲಿನಿಂದ ಕುತ್ತಿಗೆ ಒರೆಸಿಕೊಳ್ಳುತ್ತಾನೆ,
ಇಲ್ಲೂ ಡಿಸೆಂಬರು, ಅಲ್ಲೂ.

ಎಸ್.ಪಿ. ರೋಡಿನ ಇಮ್ದಾದ್ ಭಾಯಿ
ಬೆರಳುದ್ದದ ಹೊಸ ಡ್ರೈವು ಕೊಟ್ಟು
"ಇದರಲ್ಲಿ ತಿರುಗೋದು ಏನೂ ಇಲ್ಲ, ಸದ್ದೇ ಬರಲ್ಲ" ಅಂದ.
ಅಪ್ಪ ಕಿವಿಗೆ ಹಿಡಿದು ನೋಡಿದ.
"ಸದ್ದಿಲ್ಲದಿದ್ರೆ ಸ್ಟಾರ್ಟಾಗಿದೆ ಅಂತ ಹೆಂಗೆ ಗೊತ್ತಾಗುತ್ತೆ?"

ಆಟವನ್ನು ಕಟ್ ಮಾಡಿ ಪೇಸ್ಟ್ ಮಾಡಬಾರದು.
ಹಿಂದೊಮ್ಮೆ ಮಾಡಿ ಕೈ ಸುಟ್ಟುಕೊಂಡಿದ್ದೇನೆ:
ಸಾಮಾನೆಲ್ಲ ಹೊಸ ಮನೆಗೆ ಬಂತು,
ಡೆಸ್ಕ್‌ಟಾಪಿನ ಗುರುತು ಮಾತ್ರ ಹಳೇ ಬಾಗಿಲನ್ನೇ ತಟ್ಟುತ್ತಿತ್ತು,
ನಮ್ಮ ಗ್ಯಾಸ್ ತರುವ ಹುಡುಗ ಇವತ್ತಿಗೂ
ಮುತ್ಯಾಲನಗರಕ್ಕೆ ಹೋಗಿ ನಿಂತು ಫೋನ್ ಮಾಡುವ ಹಾಗೆ.
ಅದಕ್ಕೇ ಈ ಸಲ ಲಾಂಚರಿನ ಒಳಗಿಂದಲೇ,
ಓನರಿಗೆ ತಿಂಗಳು ಮುಂಚೆ ಹೇಳಿದ ಮರ್ಯಾದೆಯಲ್ಲಿ,
ರೈಟ್ ಕ್ಲಿಕ್, ಪ್ರಾಪರ್ಟೀಸ್, ಮೂವ್.

ಎಂಬತ್ತೊಂದು ಜಿಬಿ.
"ಗಾಡಿ ಲೋಡ್ ಮೇಲಿದೆ," ಹಿಂದಿನಿಂದ ಅಪ್ಪ,
"ಇಪ್ಪತ್ತು ಟನ್ ಸೇಬು. ಬಂಕ್ ಹತ್ರ ನಿಲ್ಸಿದೀನಿ. ನಿಧಾನ."

ಉಳಿದ ಸಮಯ ಹನ್ನೊಂದು ನಿಮಿಷ.
ಉಳಿದ ಸಮಯ ಎರಡು ಗಂಟೆ.
ಉಳಿದ ಸಮಯ ನಲವತ್ತು ನಿಮಿಷ.
"ಹೆಬ್ಬಾಳ ಫ್ಲೈಓವರ್ ಇಳಿದಂಗಿದೆ" ಅಂದು ಕಾಫಿಗೆ ನೀರಿಟ್ಟ.

ಅರವತ್ತಮೂರಕ್ಕೆ ಕರೆಂಟು ಹೋಯಿತು.

ಕತ್ತಲಲ್ಲಿ ಬೆಸ್ಕಾಮನ್ನು ಬೈದೆ,
ಯುಪಿಎಸ್ ಕೊಳ್ಳದ ನನ್ನನ್ನೂ.
ಅಪ್ಪ ಸ್ಟೂಲು ಎಳೆದು ಸಿಪಿಯು ಪಕ್ಕ ಕುಳಿತ.
ಬ್ರೇಕ್‌ಡೌನಾದ ಗಾಡಿ ಬಿಟ್ಟು ಡ್ರೈವರ್ ಕದಲಬಾರದು, ರೂಲು.
ಒಂದ್ಸಲ ಪೀಣ್ಯದ ಹತ್ರ ಆಕ್ಸಲ್ ಮುರಿದು
ಬೆಳಗಿನ ಜಾವ ನಾಲ್ಕರ ತನಕ ಒಬ್ಬನೇ, ಮಳೆ ಬೇರೆ,
ಡಿಪೋದಿಂದ ಗಾಡಿ ಬಂದಾಗ ಅವರೇ ಹೇಳಿದ್ದು,
ನಿಂಗೆ ಹೆಣ್ಣು ಮಗು ಆಯ್ತಂತೆ...
ಅಲ್ಲಿಗೆ ನಿಲ್ಲಿಸಿದ.
ಅಮ್ಮನ ಲೆಕ್ಕದಲ್ಲಿ ಆ ರಾತ್ರಿ ಅವನು ಇಸ್ಪೀಟಿನಲ್ಲಿದ್ದ.
ಸಾಯುವವರೆಗೂ ಅದೇ ಲೆಕ್ಕ.
ಯಾಕೆ ಹೇಳಲಿಲ್ಲ ಅಂತ ಕೇಳಬಹುದಿತ್ತು.
ಸಿಪಿಯು ಮೇಲೆ ಅವನ ಕೈ ಇತ್ತು,
ಬಿಸಿ ಇನ್ನೂ ಆರಿರಲಿಲ್ಲ.

ಕರೆಂಟು ಬಂದ ಮೇಲೆ ಪರಿಶೀಲನೆ.
ಚೆಕಿಂಗ್ ಇನ್ಸ್‌ಪೆಕ್ಟರು ಹತ್ತಿದ ಹಾಗೆ
ಒಂದೊಂದೇ ಫೈಲನ್ನು ಎಬ್ಬಿಸಿ ಟಿಕೆಟ್ ಕೇಳಿತು.
ಎರಡು ಸಿಕ್ಕಿಬಿದ್ದವು. ಅವನ್ನು ಮತ್ತೆ ತರಿಸಿತು.
ಮಿಕ್ಕವು ಸಾಗಿದವು.

ಅವನ ಲಾರಿ, ಸೇಬು, ನಿಂತ ಬಂಕು
ಆ ಎಂಬತ್ತೊಂದರಲ್ಲಿ ಇರಲೇ ಇಲ್ಲ.
ಡಾಕ್ಯುಮೆಂಟ್ಸಿನ ಮೂಲೆಯಲ್ಲಿ ಒಂಬತ್ತು ಎಂಬಿ,
ಸಿ ಡ್ರೈವಿನಲ್ಲೇ, ಕದಲದೆ.
ಊರು, ರಸ್ತೆ, ಹಿಮ ಎಲ್ಲ ಹೊತ್ತು ಹಾಕಿದ್ದು ನಾನು.
ಅಪ್ಪನಿಗೆ ಹೇಳಲಿಲ್ಲ.

ಮೊದಲೆಲ್ಲ ಆಟ ತೆರೆಯುವಷ್ಟರಲ್ಲಿ
ಡಿಸ್ಕು ಕರಕರ ಅಂದು ಒಂದು ಲೋಟ ಕಾಫಿ ಮುಗಿಯುತ್ತಿತ್ತು.
ಈಗ ತುಟಿ ಸುಡುವ ಮೊದಲೇ ಹಿಮ ಬಂದು ನಿಂತಿದೆ.
"ಇಷ್ಟು ಬೇಗಾನಾ?" ಅಂದ, ಮೋಸಹೋದವನಂತೆ,
ಲೋಟ ಕೆಳಗಿಟ್ಟ.

ಸೇಬು ಎಣಿಸಿದ ಹಾಗೆ ಕನ್ನಡಿ ನೋಡಿದ.
ಇಂಡಿಕೇಟರ್ ಹಾಕಿದ.
ಕ್ಲಚ್ಚಿಲ್ಲದ ಕೀಬೋರ್ಡಿನ ಕೆಳಗೆ
ಎಡಗಾಲು ಒತ್ತಿ ಹಿಡಿದು
ಹೊರಡದೆ ಕಾದ.
ಯಾರಿಗೆ ಅಂತ ಹೊಳೆಯಲು ನನಗೆ ಸ್ವಲ್ಪ ಹೊತ್ತಾಯಿತು.

ರೈಟ್, ಅಂದೆ.