ಆಕಾಶವನ್ನು ಕಳೆಯುವ ಲೆಕ್ಕ

ನಮ್ಮ ಬೀದಿದೀಪ ನನ್ನ ಎಲ್ಲ ರಾತ್ರಿಗಳಲ್ಲೂ ಇದೆ.
ಮಿಥುನದ ಪಾದದ ಬಳಿ ಯಾವತ್ತೋ ಸಿಡಿದ ನಕ್ಷತ್ರದ
ಹೊಗೆಯನ್ನು ಕೂದಲೆಳೆಯ ಸೀಳಿನಲ್ಲಿ ಹಿಡಿದು
ಬಣ್ಣಬಣ್ಣವಾಗಿ ಬಿಡಿಸಿ ಹಾಸಿದರೆ
ಅಲ್ಲೂ ಬಂದು ಕೂತಿರುತ್ತದೆ:
ಸೋಡಿಯಂ ಹಳದಿ, ದಪ್ಪಗೆ,
ನಟ್ಟನಡುವೆ ಕಪ್ಪು ಬೈತಲೆ ತೆಗೆದುಕೊಂಡು,
ಕರೆಯದೆ ಬಂದ ನೆಂಟರ ಹಾಗೆ.

ಒಂಟಿಕೊಪ್ಪಲಿನ ತಾರಸಿ. ಬಟ್ಟೆ ತಂತಿ ಬಿಚ್ಚಿಟ್ಟು
ನೀರಿನ ಟ್ಯಾಂಕಿನ ಮರೆಗೆ ಎಂಟಿಂಚಿನ ದೂರದರ್ಶಕ.
ಪುಷ್ಯದ ಚಳಿ. ಕೆಳಮನೆಯಿಂದ
ಅವರೆಕಾಯಿ ಸೊಗಡು ಹತ್ತಿ ಬಂದು
ಮಸೂರಕ್ಕೂ ಅಂಟೀತು ಅನಿಸುತ್ತದೆ.

ಆಕಾಶದ ಕೆಂಪು ಮೋಡಗಳಲ್ಲಿ
ಕೆಲವು ಬಾಣಂತಿಕೋಣೆ, ಕೆಲವು ಬೂದಿ.
ಫೋಟೋದಲ್ಲಿ ಎಲ್ಲ ಒಂದೇ ಕುಂಕುಮ.
ಜಲಜನಕದ ಗೆರೆಯ ಪಕ್ಕ ಗಂಧಕದ ಜೋಡಿಗೆರೆ ಇಟ್ಟು
ಅಕ್ಕಸಾಲಿಯಂತೆ ಒರೆಹಚ್ಚಬೇಕು.
ಹತ್ತಕ್ಕೆ ನಾಲ್ಕು ಮೀರಿತೋ, ಅಲ್ಲೊಂದು
ಏಟು ಬಿದ್ದಿದೆ, ಇನ್ನೂ ಆರಿಲ್ಲ.

ಇದಕ್ಕೆ ಒಂಬತ್ತು ಬಂತು.
ಎರಡು ಸಲ ಅಳೆದೆ.

ಆಮ್ಲಜನಕದ ಹಸಿರು ಗೆರೆಯೂ ಇತ್ತು, ತೆಳ್ಳಗೆ.
ಅದನ್ನು ನಿಷಿದ್ಧ ಎನ್ನುತ್ತಾರೆ: ಇಲ್ಲಿ, ನಮ್ಮ ನಡುವೆ,
ಆ ಬಣ್ಣ ಬಿಡುವ ಮೊದಲೇ ಕಣಕ್ಕೆ ಯಾರೋ ತಗುಲುತ್ತಾರೆ.
ಯಾರೂ ಮುಟ್ಟದಷ್ಟು ಹೊತ್ತು ಒಂಟಿಯಾಗಿದ್ದರೆ ಮಾತ್ರ
ಅದು ಹಸಿರಾಗುತ್ತದೆ.
ಇದನ್ನು ಓದಿದ ದಿನ ನಾನು ಊಟ ತಡಮಾಡಿದೆ.

ಲೈನ್‌ಮನ್ ರೇಚಣ್ಣ ಏಣಿ ಗೋಡೆಗೊರಗಿಸಿ ಕೂಗಿದ:
‘ಮೇಡಮ್ನೋರೆ, ನಾಳೆಯಿಂದ ಬಿಳೀ ದೀಪ. ಕರೆಂಟು ಉಳೀತದೆ.’
ಬೇಡ ಅಂದೆ. ಈ ಹಳದಿ ಕೂರುವ ಜಾಗ ಗೊತ್ತು, ಕಳೆಯಬಲ್ಲೆ;
ಬಿಳಿಯದು ಎಲ್ಲ ಬಣ್ಣಕ್ಕೂ ನುಗ್ಗುತ್ತೆ, ಹಾಲಿಗೆ ನೀರು ಬೆರೆತ ಹಾಗೆ.
ಅವನು ಮೇಲೆ ಹತ್ತಿ ಬಂದ.
ಟ್ಯಾಂಕಿಗೆ ಟೇಪು ಹಚ್ಚಿದ ಚಿತ್ರಗಳ ಮುಂದೆ ನಿಂತ.
ರೇಡಿಯೋದಲ್ಲಿ ಅದು ಒಡೆದ ಬಾಂಡಲಿ,
ಅತಿಕೆಂಪಿನಲ್ಲಿ ಧೂಳಿನ ಸೆರಗು,
ಎಕ್ಸ್‌ರೇಯಲ್ಲಿ ಬಾಂಡಲಿಯ ಒಳಗೆಲ್ಲ ಕಾವು.
‘ನಂದೂ ಒಂದು ಎಕ್ಸ್‌ರೇ ಐತೆ ಮನೇಲಿ, ಭುಜದ್ದು.
ಕಂಬದಿಂದ ಬಿದ್ದಾಗಿಂದು.
ಇದು ಸತ್ತಿದ್ದು ಯಾವಾಗ?’
ಮೂರು ಸಾವಿರ ವರ್ಷ ಅಂತಾರೆ, ಮೂವತ್ತು ಸಾವಿರ ಅಂತಲೂ.
‘ಅಷ್ಟು ಫರಕಾ? ನಮ್ಮಾಫೀಸಲ್ಲಿ ಒಂದು ತಾರೀಕು ತಪ್ಪಿದ್ರೆ
ಪೆನ್ಶನ್ನೇ ನಿಲ್ಲಿಸ್ತಾರೆ.’

ಏಣಿ ಸರಿಯಿಲ್ಲವೆಂದು ಬರೆದು ನಮ್ಮ ಬೀದಿಯನ್ನು
ಪಟ್ಟಿಯ ತುದಿಗೆ ತಳ್ಳಿದನಂತೆ.
ಹನ್ನೊಂದು ರಾತ್ರಿ ಸಿಕ್ಕವು. ನಾಲ್ಕನ್ನು ಮೋಡ ತಿಂದಿತು.

ಆಕಾಶವನ್ನು ಕಳೆಯುವುದೆಂದರೆ ಇಷ್ಟೆ:
ಹೊಗೆಯನ್ನು ನೋಡಿದಷ್ಟೇ ಹೊತ್ತು
ಪಕ್ಕದ ಏನೂ ಇಲ್ಲದ ಜಾಗವನ್ನೂ ನೋಡುವುದು.
ಆಮೇಲೆ ಇದ್ದುದರಿಂದ ಇಲ್ಲದ್ದನ್ನು ಕಳೆಯುವುದು.
ಆ ಖಾಲಿಯಲ್ಲೂ ಬೀದಿದೀಪ ಇರುತ್ತದೆ, ಬೈತಲೆ ಸಮೇತ;
ಎರಡೂ ಕಡೆ ಇರುವುದರಿಂದಲೇ ಅಳಿಯುತ್ತದೆ.
ಅರ್ಧ ರಾತ್ರಿ ಹೀಗೆ ಖಾಲಿಯನ್ನು ನೋಡುವುದರಲ್ಲಿ ಕಳೆದೆ.
ಯಾರಾದರೂ ಕೇಳಿದ್ದರೆ ಕೆಲಸದಲ್ಲಿದ್ದೇನೆ ಅನ್ನುತ್ತಿದ್ದೆ.

ಶುಕ್ರವಾರ ಬದಲಾಯಿತು.
ಇಷ್ಟು ವರ್ಷ ರಾತ್ರಿಯೆಲ್ಲ ಕಂದಾಗಿದ್ದ ಎದುರುಮನೆ ಹೊಂಗೆ
ಹನ್ನೆರಡು ಗಂಟೆಗೆ ಹಸಿರಾಗಿ ನಿಂತಿತು.
ಎಲೆ ಎಲೆ ಕಂಡಿತು.
ಬೈಯಬೇಕೆಂದು ಹೊರಗೆ ಬಂದವಳು
ಗೇಟು ಹಿಡಿದು ಸ್ವಲ್ಪ ಹೊತ್ತು ಅದನ್ನೇ ನೋಡಿದೆ.

ಹಳೇ ಬಲ್ಬನ್ನು ರೇಚಣ್ಣ ನ್ಯೂಸ್ ಪೇಪರಿನಲ್ಲಿ ಸುತ್ತಿ ಕೊಟ್ಟ.
‘ಲೆಕ್ಕಕ್ಕೆ ಒಡೆದೋಯ್ತು ಅಂತ ಬರೀತೀನಿ.’

ಗೆರೆಗಳನ್ನೆಲ್ಲ ತೊಳೆದು, ತೂಗಿ, ಕಳಿಸಬೇಕಾದಲ್ಲಿಗೆ ಕಳಿಸಿದ್ದೇನೆ.
ಒಂದು ಪಟ್ಟಿಯನ್ನು ಮಾತ್ರ ಕಳೆಯದೆ ಬಿಟ್ಟೆ.
ಗಂಧಕ, ಜಲಜನಕ, ಆ ಒಂಟಿ ಹಸಿರು,
ಮಧ್ಯೆ ದಪ್ಪ ಹಳದಿ.
ಹೆಸರಿನ ಜಾಗದಲ್ಲಿ ಬರೆದದ್ದು:
ಗುರುವಾರ, ರಾತ್ರಿ ಒಂದು ನಲವತ್ತು,
ಕಂಬ ನಂಬರ್ ಇಪ್ಪತ್ಮೂರು ಸೇರಿ.