ಬೈತಲಿ

ಬಡಿಸೋರಿಗಿ ಮುಖ ಕಾಣಂಗಿಲ್ರಿ.
ಸೇಡಂ ಹಾಸ್ಟೆಲಿನಾಗ ಹತ್ತೊಂಬತ್ತು ವರ್ಷ ಆತು,
ನಾ ನೋಡಿದ್ದು ಬರೇ ಬೈತಲಿ.
ಎಣ್ಣಿ ಸುರುವಿದ್ದು, ಹೇನು ಬಿದ್ದದ್ದು,
ಅವ್ವನ ನೆನಪಾದ ದಿನ ಬಾಚದೇ ಬಿಟ್ಟದ್ದು.
ತಟ್ಟಿ ಮುಂದ ಇಟ್ಟರ ತಲಿ ತಾನೇ ಬಗ್ಗತದ.
ನನ್ನ ಸೌಟಿಗಿ ಅಷ್ಟೇ ಗುರುತು.

ಆ ಮಂಗಳವಾರ ಉಪ್ಪಿಟ್ಟಿನ ಹೊತ್ತಿನಾಗ
ಒಂದು ಮುಖ ಕಂಡಿತು.

ಮೋಹಿನಿ ರಾಠೋಡ. ಏಳನೇ ಕ್ಲಾಸು, ತಾಂಡಾದ ಹುಡುಗಿ.
ಗ್ವಾಡಿಗಿ ನೆಟ್ಟಗ ಆತುಕೊಂಡು ಕುಂತಾಳ,
ಕಿಟಕಿ ಬೆಳಕಿಗಿ ಕೈ ಅಡ್ಡ.
ತಟ್ಟಿ ನೋಡದೇ ಬೆರಳಿಲೆ ಉಪ್ಪಿಟ್ಟು ತಡಕಾಡ್ತಾಳ.

'ರಾತ್ರಿಯೆಲ್ಲ ಕಾರಿಕೊಂಡಾಳ್ರಿ, ಮೈ ಕೆಂಡ ಆಗ್ಯಾದ,' ಅಂದ್ರು ಗೆಳತ್ಯಾರು.
'ನಾಳಿ ಪರೀಕ್ಷಾ ಅದಲ್ಲ, ನಾಟಕ,' ಅಂದ್ರು ವಾರ್ಡನ್ ಮೇಡಂ.
ಅವರ ತಪ್ಪು ಅನ್ನಂಗಿಲ್ಲ.
ಎಂಬತ್ತು ಹುಡುಗ್ಯೋರು, ನೋಡಾಕಿ ಒಬ್ಬಾಕಿ.

'ಗದ್ದ ಎದಿಗಿ ಹಚ್ಚು ಮಗಾ,' ಅಂದೆ. ಹಚ್ಚಲಿಲ್ಲ.
ನಾನೇ ಕೈ ಹಾಕಿ ಮೆಲ್ಲಕ ಬಗ್ಗಸಾಕ ಹೋದೆ.
ಕುತ್ತಿಗಿ ಜೋಡಿ ಇಡೀ ಬೆನ್ನೇ ಎದ್ದು ಬಂತು,
ಮೊಣಕಾಲು ತಾವೇ ಮಡಚಿದವು.

ದವಾಖಾನಿ ಸಿಸ್ಟರು ಫೋನಿನಾಗ ಅಂದ್ರು:
ಮೈಮ್ಯಾಲೆ ಚುಕ್ಕಿ ಅದಾವೇನು?
ಗ್ಲಾಸು ಒತ್ತಿ ನೋಡ್ರಿ, ಮಾಯ ಆಗ್ತಾವೋ ಇಲ್ಲೋ.
ಚುಕ್ಕಿ ಇರಲಿ ಬಿಡಲಿ, ಕಾಯ್ಕೋತ ಕೂಡಬ್ಯಾಡ್ರಿ, ಕರಕೊಂಡು ಬರ್ರಿ.

ನಮ್ಮ ಅಡಗಿಮನ್ಯಾಗ ನೂರಾ ಹತ್ತು ಗ್ಲಾಸು, ಎಲ್ಲಾ ಸ್ಟೀಲಿನವು.
ಸ್ಟೀಲಿನ ಆಚಿಕಡಿ ಏನು ಕಾಣ್ತದ?
ಟಂಟಂ ಬರೂದರಾಗ
ಚಾಂದಪಾಷಾನ ಚಹಾದಂಗಡಿಗಿ ಓಡಿದೆ.
ಯಾರದೋ ಅರ್ಧ ಕುಡದ ಚಹಾ ಚೆಲ್ಲಿ ಗ್ಲಾಸು ಕಸಗೊಂಡೆ.
ಆ ಮನಶ್ಯಾ ಇನ್ನೂ ಬೈತಾನಂತ.

ನಮ್ಮಂಥ ಕರಿ ಮೈಯಾಗ ಹುಡುಕೂದು ಸರಳಲ್ಲ.
ಹೊಟ್ಟಿ ನೋಡಿದೆ, ತೋಳು ನೋಡಿದೆ.
ಅಂಗಾಲಿನಾಗ ಸಿಕ್ಕವು.
ಬೆಚ್ಚಗಿನ ಗ್ಲಾಸು ಒತ್ತಿದೆ.
ಸುತ್ತಲಿನ ಚರ್ಮ ಬೆಳ್ಳಗಾತು,
ಚುಕ್ಕಿ ಹಂಗೇ ನಿಂತವು,
ಸಜ್ಜಿ ರೊಟ್ಟಿಗಿ ಕಚ್ಚಿದ ಕರಿ ಎಳ್ಳಿನಂಗ.

ಸೇಡಂದಾಗೇ ಮೊದಲನೇ ಸೂಜಿ ಹಾಕಿದ್ರು,
ಆಮ್ಯಾಲೆ ಅಂಬುಲೆನ್ಸು. ಸಿಮೆಂಟ್ ಲಾರಿ ಹಿಂದ ಲಾರಿ.
ದಾರಿಯುದ್ದ ಆಕಿ ಕಣ್ಣಿಗಿ ನನ್ನ ಸೆರಗು.

ಕಲಬುರಗ್ಯಾಗ ಬೆನ್ನಿನ ನೀರು ತಗೀಬೇಕು ಅಂದ್ರು.
ಆಕಿ ಅಪ್ಪ ಅಡ್ಡ ನಿಂತ: ಕಾಲು ಹೋಗ್ತಾವ್ರಿ ಸಾಹೇಬ.
ಡಾಕ್ಟರು ಇನ್ನೂ ಹುಡುಗ. ಬೈಲಿಲ್ಲ.
ಮಗಳಿಗಂತ ಅಪ್ಪ ತಂದ ಶೇಂಗಾದಾಗ ಒಂದು ಸುಲದ,
ಕಾಳಿನ ಮ್ಯಾಲಿನ ಕೆಂಪು ಸಿಪ್ಪಿ ತೋರಿಸಿದ:
'ಮೆದುಳಿಗೂ ಇಂಥಾ ಸಿಪ್ಪಿ ಅದ. ಅದು ಬಾತದ.
ಅದರೊಳಗಿನ ನೀರೇ ಬೆನ್ನಿಗಿ ಇಳೀತದ.
ಯಾವ ಹುಳ ಅಂತ ಆ ನೀರೇ ಹೇಳಬೇಕು.'
ಮೆನಿಂಜೈಟಿಸ್ ಅಂದ. ನನ್ನ ನಾಲಗಿ ಹೊಳ್ಳಲಿಲ್ಲ.
ಅಪ್ಪ ಹೆಬ್ಬಟ್ಟು ಒತ್ತಿದ,
ಸುಲದ ಕಾಳು ಮುಷ್ಟ್ಯಾಗೇ ಹಿಡಕೊಂಡು.

ಕುಡಿಯೋ ನೀರಿನಂಗ ತಿಳಿ ಇರಬೇಕಂತ ಅದು.
ಸೀಸ್ಯಾಗ ಕಂಡೆ:
ಅಕ್ಕಿ ತೊಳದ ಮೊದಲನೇ ನೀರು.
ಆ ಬಣ್ಣ ನನಗ ಯಾರೂ ಕಲಿಸಬೇಕಿಲ್ಲ.

ಆಕಿ ಖೋಲಿಯ ಹನ್ನೊಂದು ಹುಡುಗ್ಯೋರಿಗಿ ಗುಳಗಿ ಕೊಟ್ರು.
ಮರುದಿನ ಸಂಡಾಸಿನಿಂದ ಚೀರಾಟ,
'ಅಕ್ಕಾ, ಕೇಸರಿ ಉಚ್ಚಿ!'
ಗುಳಗಿ ಬಣ್ಣ, ಅಂಜಬ್ಯಾಡ್ರಿ ಅಂತ ಮೊದಲೇ ಹೇಳಿದ್ರು,
ನಾ ಮರತಿದ್ದೆ.
ಆ ವಾರ ನಾ ನಕ್ಕಿದ್ದು ಅದೊಂದೇ ಸಲ.

ತಿಂಗಳ ಮ್ಯಾಲೆ ಬಂದಾಳ. ಸೊರಗ್ಯಾಳ.
ಎಡಗಿವಿ ಹೋಗ್ಯಾದ.
ಚಾಂದಪಾಷಾ ಗ್ಲಾಸು ವಾಪಸ್ ತಗೊಳ್ಳಲಿಲ್ಲ,
ಸ್ಟೀಲಿನ ಸಾಲಿನ್ಯಾಗ ಕುಂತಾದ.

ನಿನ್ನಿ ತೊಗರಿಬ್ಯಾಳಿ ಮಾಡಿದ್ದೆ.
ತಲಿ ಬಗ್ಗಿಸಿ ಉಣ್ಣಾಕ ಹತ್ತಿದ್ಳು.
ಬೈತಲಿ ಸೊಟ್ಟ.
'ಇನ್ನಷ್ಟು ಬೇಕಾ ಮಗಾ?' ಅಂದೆ.
ಮಾತಿಲ್ಲ.
ನನ್ನ ಎದಿ ಧಸಕ್ಕಂತು.
ಆಮ್ಯಾಲೆ ನೆನಪಾಗಿ
ಬಲಕ್ಕ ಬಂದು ಕೇಳಿದೆ.